ಮುಚ್ಚಿಹೋಗುವ ಮೊದಲು: ಕಾಲಂನಿಂದ ಕಿಟಕಿವರೆಗೆ ಮನೆ ಕಟ್ಟಿಸಿದ್ದು

ಪಾಯ ಮುಗಿದು, ನೆಲಮಟ್ಟದಲ್ಲಿ ಬರುವ ಪ್ಲಿಂತ್ ಬೀಮ್ ಬಿದ್ದ ಮೇಲೆ ಮನೆ ಕೆಲಸದ ಓಟವೇ ಬೇರೆ. ಅಲ್ಲಿಯವರೆಗೆ ಎಲ್ಲವೂ ನೆಲದ ಕೆಳಗೆ. ಆಮೇಲೆ ಕಾಲಂ, ಅಂದರೆ ಕಾಂಕ್ರೀಟ್ ಕಂಬಗಳು, ಏಳುತ್ತವೆ, ಹಸಿ ಕಾಂಕ್ರೀಟನ್ನು ಹಿಡಿದುಕೊಳ್ಳುವ ಸೆಂಟ್ರಿಂಗ್ ಹಲಗೆ ಏರುತ್ತದೆ, ತಾರಸಿ ಬೀಳುತ್ತದೆ. ನೋಡಿದವರೆಲ್ಲ "ಓ, ಮನೆ ಆಗೇಹೋಯ್ತಲ್ಲ" ಅನ್ನಲು ಶುರು ಮಾಡುತ್ತಾರೆ. ಆಗಿರುವುದಿಲ್ಲ. ಆದರೆ ಅತಿ ಮುಖ್ಯವಾದದ್ದೆಲ್ಲ ಈ ಕೆಲವು ತಿಂಗಳಲ್ಲೇ ನಡೆದುಹೋಗುತ್ತದೆ.

ನಾವು ಪೂರ್ತಿ ಗುತ್ತಿಗೆ ಕೊಟ್ಟಿರಲಿಲ್ಲ. ಲೇಬರ್ ಕಾಂಟ್ರಾಕ್ಟ್. ಸಾಮಾನು ನಮ್ಮದು, ಕೂಲಿ ಅವರದು. ಗಾರೆಗೆ ಒಬ್ಬ ಮೇಸ್ತ್ರಿ, ಸೆಂಟ್ರಿಂಗ್‌ಗೆ ಬೇರೆ ತಂಡ, ಕಂಬಿ ಕಟ್ಟಲು ಇನ್ನೊಂದು, ಎಲೆಕ್ಟ್ರಿಷಿಯನ್ ಒಬ್ಬರು, ಪ್ಲಂಬರ್ ಒಬ್ಬರು, ಕಿಟಕಿಯವರು ಮತ್ತೊಬ್ಬರು. ಪ್ರತಿಯೊಬ್ಬರೂ ತಮ್ಮ ಕೆಲಸದಲ್ಲಿ ಗಟ್ಟಿಗರೇ. ಒಬ್ಬರ ಕೆಲಸ ಇನ್ನೊಬ್ಬರ ಕೈಗೆ ಹೋಗುವ ಜಾಗದಲ್ಲಿ ಮಾತ್ರ ಯಾರೂ ಇರುವುದಿಲ್ಲ. ಅಲ್ಲಿ ನಾನಿದ್ದೆ.

ಗಾರೆಯವರಿಗೆ ಗಾರೆ ಹೇಳಿಕೊಡಲು ಹೋಗಲಿಲ್ಲ. ಕಂಬಿಯನ್ನು ಕಾಂಕ್ರೀಟ್ ಮುಚ್ಚುತ್ತದೆ, ಪೈಪನ್ನು ಪ್ಲಾಸ್ಟರ್ ಮುಚ್ಚುತ್ತದೆ, ಕಿಟಕಿ ಸಂದನ್ನು ಸಿಲಿಕಾನ್ ಮುಚ್ಚುತ್ತದೆ. ಮುಚ್ಚಿದ ಮೇಲೆ ತಿದ್ದಬೇಕೆಂದರೆ ಒಡೆಯಬೇಕು. ಹಾಗಾಗಿ ನನ್ನ ಕ್ಯಾಲೆಂಡರ್ ತುಂಬ ಇದ್ದದ್ದು ಒಂದೇ ಪ್ರಶ್ನೆ: ಈ ವಾರ ಯಾವುದು ಮುಚ್ಚಿಹೋಗುತ್ತದೆ? ಅದರ ಹಿಂದಿನ ದಿನ ಸೈಟಿನಲ್ಲಿ ಇರಲೇಬೇಕು. ಉಳಿದ ದಿನ ಹೋಗದಿದ್ದರೂ ಪರವಾಗಿಲ್ಲ.

ಮೊದಲು ಮುಚ್ಚಿಹೋದದ್ದು ಕಾಲಂ. ಕಾಲಂನಲ್ಲಿ ನೋಡುವುದು ಜಾಸ್ತಿ ಇಲ್ಲ, ಆದರೆ ಇರುವುದೆಲ್ಲ ಬಿಗಿಯಾಗಿರಬೇಕು. ಕಂಬಿಗೂ ಹಲಗೆಗೂ ನಡುವೆ 40 ಎಂ.ಎಂ. ಕವರ್ ಬ್ಲಾಕ್ ನಾಲ್ಕೂ ಕಡೆ ಕಟ್ಟಿದ್ದಾರಾ? ಉದ್ದ ಕಂಬಿಗಳನ್ನು ಸುತ್ತಿ ಹಿಡಿಯುವ ರಿಂಗಿನ ಕೊಕ್ಕೆ ಒಳಕ್ಕೆ 135 ಡಿಗ್ರಿ ಬಗ್ಗಿದೆಯಾ, ಸುಮ್ನೆ 90ಕ್ಕೆ ನಿಲ್ಲಿಸಿದ್ದಾರಾ? ಕಂಬಿಗೆ ಕಂಬಿ ಸೇರಿಸುವ ಲ್ಯಾಪ್ ಎಷ್ಟು ಉದ್ದ ಇದೆ? ನಮ್ಮ ಡ್ರಾಯಿಂಗ್‌ನಲ್ಲಿ ಕಂಬಿ ದಪ್ಪದ 50 ಪಟ್ಟು ಎಂದು ಬರೆದಿತ್ತು. 16 ಎಂ.ಎಂ. ಕಂಬಿಗೆ 800 ಎಂ.ಎಂ. ಟೇಪ್ ಹಿಡಿದರೆ ಎರಡು ನಿಮಿಷದ ಕೆಲಸ. ಎಲ್ಲ ಲ್ಯಾಪೂ ಒಂದೇ ಎತ್ತರದಲ್ಲಿ ಬರಬಾರದು ಎಂದು ಎಂಜಿನಿಯರ್ ಮೊದಲೇ ಹೇಳಿದ್ದರು. ಹಲಗೆ ಕಟ್ಟಿದ ಮೇಲೆ ಎರಡು ಮುಖಕ್ಕೂ ತೂಕದ ಗುಂಡು ಬಿಟ್ಟು ನೋಡಿದೆವು. ಕಾಲಂ ಅರ್ಧ ಇಂಚು ವಾಲಿದರೆ ಆ ಅರ್ಧ ಇಂಚನ್ನು ಮುಂದೆ ಗೋಡೆ ಪ್ಲಾಸ್ಟರ್ ಹೊತ್ತುಕೊಳ್ಳುತ್ತದೆ. ಅದರ ಸಿಮೆಂಟು ನಮ್ಮದೇ ದುಡ್ಡು.

ಒಂದು ಕಾಲಂ ಬುಡದಲ್ಲಿ ಹಲಗೆ ಬಿಚ್ಚಿದಾಗ ಜಲ್ಲಿ ಹಲ್ಲು ಕಿಸಿದುಕೊಂಡು ಕಾಣುತ್ತಿತ್ತು. ಹನಿಕೂಂಬ್ ಅಂತಾರೆ. ಮೇಲಿಂದ ತುಂಬ ಎತ್ತರದಿಂದ ಸುರಿದರೆ ಜಲ್ಲಿ ಬೇರೆ, ಸಿಮೆಂಟ್ ಹಾಲು ಬೇರೆ ಆಗಿ ಬುಡದಲ್ಲಿ ಪೊಳ್ಳು ಉಳಿಯುತ್ತದೆ. ಅದಕ್ಕೇ ಒಂದೂವರೆ ಮೀಟರಿಗಿಂತ ಎತ್ತರದಿಂದ ಸುರಿಯಬಾರದು ಅನ್ನುವುದು. ಗಾರೆ ಹುಡುಗ ಕರಣೆಯಲ್ಲಿ ಸಿಮೆಂಟ್ ಕಲಸಿಕೊಂಡು ಮೆತ್ತಲು ಆಗಲೇ ಬರುತ್ತಿದ್ದ. ತಡೆದು, ಫೋಟೋ ತೆಗೆದು ಎಂಜಿನಿಯರ್‌ಗೆ ಕಳಿಸಿದೆ. ಸಡಿಲ ಜಲ್ಲಿಯನ್ನೆಲ್ಲ ಕೆತ್ತಿ ತೆಗೆದು, ಕಂಬಿ ಕಂಡಿದೆಯಾ ಎಂದು ನೋಡಿ, ಕುಗ್ಗದ ಗ್ರೌಟ್ ಹಾಕಿಸಿದರು. ಮೇಲ್ಮೈಯದೋ ಒಳಗಿನದೋ ಎಂದು ತಿಳಿಯದೆ ಮೆತ್ತಿಬಿಟ್ಟರೆ ಅದು ರಿಪೇರಿ ಆಗುವುದಿಲ್ಲ, ಮುಚ್ಚಿಡುವುದು ಆಗುತ್ತದೆ.

ಇನ್ನು ತಾರಸಿ. ಇಡೀ ಕಟ್ಟೋಣದಲ್ಲಿ ನನಗೆ ಅತಿ ಹೆಚ್ಚು ತಲೆನೋವು ಕೊಟ್ಟದ್ದೂ, ಅತಿ ಹೆಚ್ಚು ಕಲಿಸಿದ್ದೂ ಅದೇ.

ಮೋಲ್ಡ್, ಅಂದರೆ ತಾರಸಿಯ ಕಾಂಕ್ರೀಟ್, ಹಾಕುವ ಹಿಂದಿನ ದಿನ ಎಲ್ಲರಿಗೂ ಅವಸರ. ಸೆಂಟ್ರಿಂಗ್ ಮುಗಿದಿರುತ್ತದೆ, ಕಂಬಿ ಹಾಸಿರುತ್ತದೆ, ಪ್ಲಾಂಟಿನಲ್ಲೇ ಕಲಸಿ ಲಾರಿಯಲ್ಲಿ ಬರುವ ರೆಡಿಮಿಕ್ಸ್ ಕಾಂಕ್ರೀಟ್ ಬುಕ್ ಆಗಿರುತ್ತದೆ. ಆ ಹೊತ್ತಿಗೆ ಎಲೆಕ್ಟ್ರಿಷಿಯನ್ ಬಂದು ಫ್ಯಾನ್ ಬಾಕ್ಸ್ ಇಟ್ಟು ಪೈಪ್ ಎಳೆಯಬೇಕು. ಪ್ಲಂಬರ್ ಬಂದು ಪೈಪ್ ಇಳಿಯುವ ಕಡೆ ಸ್ಲೀವ್ (ತೂತು ಉಳಿಸುವ ಕೊಳವೆ) ಇಡಬೇಕು. ಇವರಿಬ್ಬರೂ ಹಾಸಿದ ಕಂಬಿಯ ಮೇಲೆ ಹತ್ತಿ ಕೆಲಸ ಮಾಡಬೇಕು, ಕಂಬಿಯವರು ಗೊಣಗಬೇಕು. ನಾನು ಮಾಡಿದ್ದು ಇಷ್ಟೇ. ಕೆಳಗಿನ ಕಂಬಿ ಹಾಸಿ ಮುಗಿದು ಮೇಲಿನ ಕಂಬಿ ಶುರುವಾಗುವ ಮೊದಲು ಪೈಪಿನವರು ಬರಬೇಕು ಅಂತ ಹಠ ಹಿಡಿದೆ. ಪೈಪ್ ಎರಡು ಕಂಬಿ ಪದರಗಳ ನಡುವೆ ಸಲೀಸಾಗಿ ಕೂರುತ್ತದೆ. ಆಮೇಲೆ ಬಂದರೆ ಕಟ್ಟಿದ ಕಂಬಿ ಎಬ್ಬಿಸಿ ತೂರಿಸುತ್ತಾರೆ, ಮತ್ತೆ ಯಾರೂ ಕಟ್ಟುವುದಿಲ್ಲ.

ಫ್ಯಾನ್ ಬಾಕ್ಸ್ ಕೋಣೆಯ ನಡುವೆ ಇದೆಯಾ ಎಂದು ಮೇಲೆ ನಿಂತು ಹೇಳಲು ಆಗುವುದಿಲ್ಲ. ಕೆಳಗೆ ಗೋಡೆಯೇ ಇರುವುದಿಲ್ಲವಲ್ಲ. ಬೀಮಿನಿಂದ ಬೀಮಿಗೆ ದಾರ ಎಳೆದು, ಮುಂದೆ ಬರುವ ಗೋಡೆ ದಪ್ಪ ಕಳೆದು ಅಳತೆ ಹಾಕಿದೆವು. ಮಂಚದ ಮೇಲೆ ಬರಬೇಕಾದ ಫ್ಯಾನ್ ಬೀರುವಿನ ಮೇಲೆ ಬಂದಿರುವ ಮನೆಗಳು ಎಷ್ಟಿಲ್ಲ.

ಬಾಲ್ಕನಿ ಬಗ್ಗೆ ಸ್ವಲ್ಪ ಜಾಸ್ತಿಯೇ ಹೇಳಬೇಕು. ಕೋಣೆಯ ತಾರಸಿ ಎರಡೂ ಕಡೆ ಬೀಮಿನ ಮೇಲೆ ಕೂತಿರುತ್ತದೆ, ಭಾರ ಬಿದ್ದರೆ ಹೊಟ್ಟೆಯ ಕಡೆ ಎಳೆತ ಬರುತ್ತದೆ. ಹಾಗಾಗಿ ಅಲ್ಲಿ ಮುಖ್ಯ ಕಂಬಿ ಕೆಳಗೆ. ಬಾಲ್ಕನಿ ಒಂದೇ ಕಡೆ ಆತುಕೊಂಡು ಹೊರಕ್ಕೆ ಚಾಚಿರುತ್ತದೆ. ಅದಕ್ಕೆ ಎಳೆತ ಬೆನ್ನಿನ ಕಡೆ, ಮುಖ್ಯ ಕಂಬಿಯೂ ಮೇಲೆ. ಈ ಮೇಲಿನ ಕಂಬಿ ಮೇಲೇ ನಿಲ್ಲಬೇಕೆಂದರೆ ಕೆಳಗೆ ಕಂಬಿಯಿಂದಲೇ ಮಾಡಿದ ಚೇರ್ ಇಡಬೇಕು. ನಮ್ಮಲ್ಲೂ ಇಟ್ಟಿದ್ದರು. ಆದರೆ ದೂರ ದೂರ. ನಾನು ನೋಡುತ್ತಿದ್ದ ಹಾಗೆ ಒಬ್ಬ ಕೆಲಸದವನು ಪೈಪ್ ಹೊತ್ತುಕೊಂಡು ಬಾಲ್ಕನಿ ಕಂಬಿಯ ಮೇಲೇ ನಡೆದು ಹೋದ. ಎರಡು ಕಂಬಿ ಕುಸಿದು ಹಲಗೆಯ ಹತ್ತಿರ ಕೂತವು. ಅವನ ತಪ್ಪೇನಿಲ್ಲ, ನಡೆಯಲು ಬೇರೆ ಜಾಗವೇ ಇರಲಿಲ್ಲ.

"ಮೇಸ್ತ್ರಿ, ಇದು ಕೆಳಗೆ ಹೋಯ್ತಲ್ಲ?" ಅಂದೆ.

"ಕಾಂಕ್ರೀಟ್ ಹಾಕುವಾಗ ಎತ್ತಿಬಿಡ್ತೀವಿ ಬಿಡಿ ಮೇಡಂ."

"ಪಂಪು ಶುರುವಾದ್ಮೇಲೆ ಎತ್ತಕ್ಕೆ ಯಾರಿಗೆ ಪುರುಸೊತ್ತಿರುತ್ತೆ?"

ಮೇಸ್ತ್ರಿ ನಕ್ಕರು. ಅದೇ ಒಪ್ಪಿಗೆ. ಇನ್ನಷ್ಟು ಚೇರ್ ಬಗ್ಗಿಸಿ ಹತ್ತಿರ ಹತ್ತಿರ ಇಡಿಸಿದರು. ಓಡಾಡಲು ಹಲಗೆ ಹಾಸಿಸಿದರು. ಕಂಬಿ ಒಂದೆರಡು ಇಂಚು ಕೆಳಗೆ ಕೂತರೆ ಡ್ರಾಯಿಂಗ್‌ನಲ್ಲಿ ಎಷ್ಟು ಕಂಬಿ ಬರೆದಿದ್ದರೂ ಪ್ರಯೋಜನವಿಲ್ಲ. ಮೇಲಿಂದ ನೋಡಿದರೆ ಬಾಲ್ಕನಿ ಚೆನ್ನಾಗಿಯೇ ಕಾಣುತ್ತದೆ. ಬಾಲ್ಕನಿ ಮೋಲ್ಡ್ ಹಾಕಿಸುವವರು ಬೇರೆ ಯಾವುದನ್ನು ಬಿಟ್ಟರೂ ಇದನ್ನು ಬಿಡಬೇಡಿ.

ಸಂಜೆ ಹೊತ್ತಿಗೆ ಇಡೀ ತಾರಸಿಯ ಫೋಟೋ ತೆಗೆದೆ. ಪ್ರತಿ ಪೈಪಿನ ಪಕ್ಕ ಟೇಪ್ ಬಿಚ್ಚಿಟ್ಟು, ಬೀಮಿನಿಂದ ಎಷ್ಟು ದೂರ ಅಂತ ಕಾಣುವ ಹಾಗೆ. ಫಾಲ್ಸ್ ಸೀಲಿಂಗ್‌ನವರು ಡ್ರಿಲ್ ಹಿಡಿದು ನಿಂತಾಗ ಆ ಫೋಟೋಗಳು ಕೆಲಸಕ್ಕೆ ಬಂದವು.

ಕಾಂಕ್ರೀಟ್ ಎಷ್ಟು ಬೇಕು ಎಂದು ಮೊದಲೇ ಲೆಕ್ಕ ಹಾಕಿಟ್ಟುಕೊಳ್ಳಿ. 1,000 ಚದರಡಿ ತಾರಸಿ 5 ಇಂಚು ದಪ್ಪಕ್ಕೆ ಸುಮಾರು 12 ಕ್ಯೂಬಿಕ್ ಮೀಟರ್. ಬೀಮ್, ಮೆಟ್ಟಿಲು ಬೇರೆ. ಒಂದು ಲಾರಿಯಲ್ಲಿ ಸಾಮಾನ್ಯವಾಗಿ 6 ಕ್ಯೂಬಿಕ್ ಮೀಟರ್ ಬರುತ್ತದೆ. ಕೊನೆಗೆ ಅರ್ಧ ಲಾರಿ ಕಮ್ಮಿ ಬಿದ್ದರೆ ಇನ್ನೊಂದು ಬರುವಷ್ಟರಲ್ಲಿ ಮೊದಲು ಹಾಕಿದ್ದು ಗಟ್ಟಿಯಾಗಿರುತ್ತದೆ. ಆ ಗೆರೆಯಲ್ಲಿ ಹೊಸದು ಹಳೆಯದಕ್ಕೆ ಸರಿಯಾಗಿ ಅಂಟುವುದಿಲ್ಲ. ಮಳೆಗಾಲದಲ್ಲಿ ನೀರು ಹುಡುಕಿಕೊಂಡು ಬರುವುದು ಅಲ್ಲಿಗೇ.

ಲಾರಿ ಬಂದ ಮೇಲೆ ಒಂದೇ ಜಗಳ: ನೀರು. ಪಂಪಿನವರಿಗೆ ತೆಳ್ಳಗಿದ್ದರೆ ಸುಲಭ, ಹರಡುವವರಿಗೂ ಸುಲಭ. ಎಲ್ಲರೂ ಸೇರಿ "ಸ್ವಲ್ಪ ನೀರು ಬಿಡಿ" ಅನ್ನುತ್ತಾರೆ. ಸ್ವಲ್ಪ ಎಂದರೆ ಎಷ್ಟು ಎಂದು ಯಾರೂ ಹೇಳುವುದಿಲ್ಲ. ನೀರು ಜಾಸ್ತಿ ಆದಷ್ಟೂ ಕಾಂಕ್ರೀಟ್ ಬಲ ಕಮ್ಮಿ. ಒಣಗುವಾಗ ಬಿರುಕೂ ಜಾಸ್ತಿ. ತೆಳ್ಳಗೆ ಬೇಕಿದ್ದರೆ ಪ್ಲಾಂಟಿನವರೇ ನೀರು ಹೆಚ್ಚಿಸದೆ ತೆಳ್ಳಗೆ ಮಾಡುವ ಪ್ಲಾಸ್ಟಿಸೈಜರ್ ಹಾಕಿಕೊಡುತ್ತಾರೆ, ಅದನ್ನು ಬುಕ್ ಮಾಡುವಾಗಲೇ ಹೇಳಿರಬೇಕು. ನಾನು ಎಂಜಿನಿಯರ್ ಕೈಯಲ್ಲೇ ಹೇಳಿಸಿದೆ. ಮನೆಯವರು ಹೇಳಿದರೆ "ಅವರಿಗೇನು ಗೊತ್ತು" ಎಂದಾಗುತ್ತದೆ, ಎಂಜಿನಿಯರ್ ಹೇಳಿದರೆ ನೀರಿನ ಪೈಪ್ ತಾನಾಗಿಯೇ ಕೆಳಗೆ ಬೀಳುತ್ತದೆ.

ಕ್ಯೂಬ್ ತೆಗೆಸಿ. 15 ಸೆಂಟಿಮೀಟರ್ ಅಚ್ಚಿನಲ್ಲಿ ಅದೇ ಕಾಂಕ್ರೀಟ್ ತುಂಬಿ, 7 ಮತ್ತು 28 ದಿನಕ್ಕೆ ಒಡೆದು ನೋಡುವುದು. ಎಂ25 ಎಂದರೆ 28 ದಿನಕ್ಕೆ ಪ್ರತಿ ಚದರ ಮಿಲಿಮೀಟರಿಗೆ 25 ನ್ಯೂಟನ್. ಇಷ್ಟು ಚಿಕ್ಕ ಗಡ್ಡೆ ಒಡೆಯಲು ಸುಮಾರು 57 ಟನ್ ಒತ್ತಬೇಕು ಅಂತ ಲ್ಯಾಬಿನಲ್ಲಿ ಕೇಳಿದಾಗ ನನಗೆ ನಗು ಬಂತು. ನಮ್ಮದು ಪಾಸಾಯಿತು. ಕ್ಯೂಬ್ ತೆಗೆಯುತ್ತಾರೆ ಎಂದು ಗೊತ್ತಾದ ಮೇಲೆ ಲಾರಿಯವರೂ ಸ್ವಲ್ಪ ನೆಟ್ಟಗಾಗುತ್ತಾರೆ, ಅದು ಬೇರೆ ಮಾತು.

ಕ್ಯೂರಿಂಗ್, ಅಂದರೆ ಕಾಂಕ್ರೀಟನ್ನು ಒದ್ದೆಯಾಗಿಡುವುದು, ಎಲ್ಲರಿಗೂ ಗೊತ್ತು. ಓಪಿಸಿ ಎಂಬ ಸಾದಾ ಸಿಮೆಂಟಿಗೆ ಕನಿಷ್ಠ 7 ದಿನ, ಹಾರುಬೂದಿ ಬೆರೆಸಿದ ಪಿಪಿಸಿಯಂಥ ಬೆರಕೆ ಸಿಮೆಂಟಿಗೆ ಕನಿಷ್ಠ 10. ತಾರಸಿಗೆ ಪಾತಿ ಕಟ್ಟಿ ನೀರು ನಿಲ್ಲಿಸುವುದು ಸುಲಭ. ಮರೆತುಹೋಗುವುದು ಕಾಲಂ. ಅದಕ್ಕೆ ಗೋಣಿತಾಟು ಸುತ್ತಿ ಒದ್ದೆ ಮಾಡುತ್ತಿರಬೇಕು.

ತಾರಸಿಗೆ ಕೆಳಗಿನಿಂದ ಆಸರೆ ಕೊಟ್ಟ ಜಾಕ್ ತೆಗೆಯುವ ಮಾತು ಬಂದಾಗ ನಿಜವಾದ ಕಿರಿಕಿರಿ ಶುರು. ಸೆಂಟ್ರಿಂಗ್ ಸಾಮಾನು ಇನ್ನೊಂದು ಸೈಟಿಗೆ ಬೇಕಾಗಿರುತ್ತದೆ. "ಗಟ್ಟಿಯಾಗಿದೆ ಮೇಡಂ, ಬಿಚ್ಚೋಣ" ಎಂದು ದಿನಾ ಫೋನು. ಐ.ಎಸ್. 456 ಎಂಬ ಭಾರತೀಯ ಕಾಂಕ್ರೀಟ್ ಕೋಡಿನಲ್ಲಿ ಇದಕ್ಕೆ ದಿನ ಬರೆದಿಟ್ಟಿದ್ದಾರೆ. ಓಪಿಸಿಯಾದರೆ, ನಾಲ್ಕೂವರೆ ಮೀಟರ್‌ವರೆಗಿನ ತಾರಸಿಗೆ ಆಸರೆ 7 ದಿನ ಇರಬೇಕು, ಅದಕ್ಕಿಂತ ಅಗಲವಾದದ್ದಕ್ಕೆ 14. ಬೀಮಿಗೆ 6 ಮೀಟರ್‌ವರೆಗೆ 14, ಅದರ ಮೇಲೆ 21. ಬೆರಕೆ ಸಿಮೆಂಟಾದರೆ ಇನ್ನೂ ನಿಧಾನ. ಇದನ್ನು ಕರಾರು ಮಾಡುವಾಗಲೇ ಬರೆಸಿದ್ದೆ. ಸೆಂಟ್ರಿಂಗ್‌ನ ಕೊನೆ ಕಂತು ಜಾಕ್ ತೆಗೆದ ಮೇಲೆ, ಎಂಜಿನಿಯರ್ ಹೂಂ ಅಂದ ಮೇಲೆ. ಹೀಗೆ ಕಾಗದದಲ್ಲಿದ್ದರೆ ಜಗಳದ ಮಾತೇ ಬರುವುದಿಲ್ಲ, ಬರೀ ಗೊಣಗಾಟ. ಗೊಣಗಾಟ ಸಹಿಸಬಹುದು. ಬಾಲ್ಕನಿಯ ಆಸರೆಯನ್ನು ಹೊರ ತುದಿಯಿಂದ ಶುರು ಮಾಡಿ ಒಳಕ್ಕೆ ಬಿಚ್ಚುತ್ತಾ ಬಂದರು. ಒಳಗಡೆಯದನ್ನು ಮೊದಲು ತೆಗೆದು ತುದಿಗೆ ಜಾಕ್ ಬಿಟ್ಟರೆ ಅದು ಚಾಚಿದ ತಾರಸಿಯ ಹಾಗೆ ಕೆಲಸ ಮಾಡುವುದಿಲ್ಲ, ಕಂಬಿ ಇಲ್ಲದ ಕಡೆ ಎಳೆತ ಬರುತ್ತದೆ.

ಹೊಸ ತಾರಸಿಯ ಮೇಲೆ ಬ್ಲಾಕ್ ಒಟ್ಟುವುದನ್ನೂ ನೋಡಿಕೊಳ್ಳಬೇಕು. 6 ಇಂಚಿನ ಸಾಲಿಡ್ ಬ್ಲಾಕ್ ಒಂದೊಂದು 25 ಕಿಲೋ ಹತ್ತಿರ ತೂಗುತ್ತದೆ. ಕೋಣೆ ನಡುವೆ ಎದೆಯೆತ್ತರ ಒಟ್ಟಿದರೆ ಮನೆಯಲ್ಲಿ ಮುಂದೆಂದೂ ಬೀಳದಷ್ಟು ಭಾರ ಆ ಎಳೆ ತಾರಸಿಯ ಮೇಲೆ ಬಿದ್ದ ಹಾಗೆ. ಬೀಮಿನ ಪಕ್ಕ, ಹರಡಿ, ಕಮ್ಮಿ ಎತ್ತರಕ್ಕೆ ಇಡಿಸಿದೆವು.

ಗೋಡೆ ಕೆಲಸ ತಾರಸಿಯಷ್ಟು ರೋಮಾಂಚಕವಲ್ಲ. ನಿಧಾನ, ಸಪ್ಪೆ. ಆದರೆ ಮನೆ ನಮ್ಮದು ಅನ್ನಿಸುವುದು ಇಲ್ಲೇ. ಮೇಸ್ತ್ರಿ ಮೊದಲ ವರಸೆ ಬ್ಲಾಕ್ ಮಾತ್ರ ಇಟ್ಟು ನಿಲ್ಲಿಸಲಿ. ಅದರೊಳಗೆ ಓಡಾಡಿ. ನಾವು ಮಂಚ, ಬೀರು, ಫ್ರಿಜ್ ಅಳತೆಗೆ ನೆಲದ ಮೇಲೆ ಸೀಮೆಸುಣ್ಣದಲ್ಲಿ ಗೆರೆ ಎಳೆದೆವು. ಮಲಗುವ ಕೋಣೆಯ ಬಾಗಿಲು ತೆರೆದರೆ ಬೀರು ಬಾಗಿಲಿಗೆ ಬಡಿಯುತ್ತದೆ ಎಂದು ಆಗ ಗೊತ್ತಾಯಿತು. ನಕ್ಷೆಯಲ್ಲಿ ಎಷ್ಟು ಸಲ ನೋಡಿದ್ದರೂ ಕಂಡಿರಲಿಲ್ಲ. ಒಂದು ವರಸೆ ಬ್ಲಾಕ್ ಸರಿಸುವುದು ಅರ್ಧ ಗಂಟೆ ಕೆಲಸ. ಕೋಣೆಯ ಮೂಲೆ ಸಮಕೋನವಾ ಎಂದು 3-4-5 ಅಳತೆ ಹಾಕಿದರು: ಒಂದು ಗೋಡೆಗೆ ಮೂರಡಿ, ಇನ್ನೊಂದಕ್ಕೆ ನಾಲ್ಕಡಿ, ಅಡ್ಡಕ್ಕೆ ಸರಿಯಾಗಿ ಐದು ಬರಬೇಕು. ಇದು ತಪ್ಪಿದರೆ ಟೈಲ್ಸ್ ಹಾಕುವವರು ಬೈಯುತ್ತಾರೆ.

ಗೋಡೆ ಒಂದೇ ದಿನ ನಾಲ್ಕೈದು ಅಡಿ ಮೇಲೆ ಏರಬಾರದು, ಕೆಳಗಿನ ಗಾರೆ ಇನ್ನೂ ಹಸಿ ಇರುತ್ತದೆ. ಬಾಗಿಲು, ಕಿಟಕಿ ಮೇಲೆ ಬರುವ ಲಿಂಟಲ್ ಎರಡೂ ಕಡೆ ಕನಿಷ್ಠ 6 ಇಂಚು ಗೋಡೆಯ ಮೇಲೆ ಕೂತಿರಬೇಕು. ಬೀಮಿನ ಕೆಳಗಿನ ಕೊನೆ ಸಂದನ್ನು ಅಂದೇ ತುರುಕಿ ಮುಚ್ಚಬಾರದು. ಗೋಡೆ ಒಣಗಿ ಸ್ವಲ್ಪ ಕುಗ್ಗುತ್ತದೆ, ಬೀಮ್ ಸ್ವಲ್ಪ ಬಾಗುತ್ತದೆ. ಕೆಲವು ದಿನ ಬಿಟ್ಟು ತುಂಬಿದರೆ ಅಲ್ಲಿ ಬಿರುಕು ಬೀಳುವುದು ಕಮ್ಮಿ. ಹಾಗಿದ್ದರೂ ಕಾಂಕ್ರೀಟ್ ಮತ್ತು ಬ್ಲಾಕ್ ಸೇರುವ ಕಡೆಯೆಲ್ಲ ಪ್ಲಾಸ್ಟರ್ ಒಳಗೆ ಮೆಶ್ (ಬಲೆ) ಹಾಕಿಸಲೇಬೇಕು. ಬಿಸಿಲಿಗೆ ಇವೆರಡೂ ಬೇರೆ ಬೇರೆ ಅಳತೆಯಲ್ಲಿ ಹಿಗ್ಗುತ್ತವೆ. ಮೆಶ್ ಎರಡೂ ಕಡೆಗೆ ಸಮನಾಗಿ ಹರಡಿರಬೇಕು. ಬರೀ ಮೊಳೆ ಹೊಡೆದು ತೂಗುಹಾಕಿದ್ದನ್ನು ನಾನು ಬೇರೆ ಸೈಟುಗಳಲ್ಲಿ ನೋಡಿದ್ದೇನೆ. ಗಾರೆಗೆ ಮುಂಚೆ ಎಳೆದು ಬಿಗಿ ಮಾಡದಿದ್ದರೆ ಅದು ಇದ್ದೂ ಇಲ್ಲದ ಹಾಗೆ.

ಈ ಹಂತದಲ್ಲಿ ಎಲೆಕ್ಟ್ರಿಷಿಯನ್ ಗೋಡೆ ಕೊರೆಯಲು ಬರುತ್ತಾರೆ. ಕಟ್ಟರ್ ಮೆಷಿನ್ನಿನಲ್ಲಿ ಎರಡು ಗೆರೆ ಹಾಕಿ ನಡುವೆ ಬಿಡಿಸಬೇಕು, ಸುತ್ತಿಗೆ ಉಳಿ ಹಿಡಿದು ಬಡಿಯಬಾರದು. ಮೇಲಿಂದ ಕೆಳಗೆ ಹೋಗುವ ಗಾಡಿ (ಪೈಪಿಗೆ ಕೊರೆದ ಕಾಲುವೆ) ಗೋಡೆ ದಪ್ಪದ ಮೂರನೇ ಒಂದು ಭಾಗ ದಾಟಬಾರದು. ಅಡ್ಡಕ್ಕೆ ಕೊರೆಯುವುದನ್ನು ಆದಷ್ಟೂ ತಪ್ಪಿಸಿ, ಗೋಡೆಯ ಶಕ್ತಿ ಅಲ್ಲೇ ಹೋಗುವುದು. 4 ಇಂಚು ಗೋಡೆಯ ಎರಡೂ ಮುಖಕ್ಕೆ ಬೆನ್ನಿಗೆ ಬೆನ್ನು ಸ್ವಿಚ್ ಬಾಕ್ಸ್ ಇಡಲು ಹೊರಟಿದ್ದರು. ಒಂದನ್ನು ಪಕ್ಕಕ್ಕೆ ಸರಿಸಿದರೆ ಮುಗಿಯಿತು. ಇಲ್ಲದಿದ್ದರೆ ಅಲ್ಲಿ ಗೋಡೆಯೇ ಇರುತ್ತಿರಲಿಲ್ಲ, ಆ ಕೋಣೆಯ ಮಾತು ಈ ಕೋಣೆಗೆ ಕೇಳುತ್ತಿತ್ತು.

ಮೇಲ್ಗಡೆ ಪ್ಯಾರಾಪೆಟ್ ಎದ್ದ ಮೇಲೆ ತಾರಸಿಗೆ ಇಳಿಜಾರು ಕೊಡಿಸಿದೆವು, 100 ಅಡಿಗೆ 1 ಅಡಿ ಲೆಕ್ಕ. ತಾರಸಿ ಮತ್ತು ಪ್ಯಾರಾಪೆಟ್ ಸೇರುವ ಮೂಲೆಯನ್ನು ಚೂಪಾಗಿ ಬಿಡದೆ ಗುಂಡಗೆ ಮಾಡಿ ವಾಟರ್‌ಪ್ರೂಫಿಂಗ್ ಗೋಡೆಯ ಮೇಲಕ್ಕೂ ಹತ್ತಿಸಬೇಕು. ನೀರು ಸೋರುವುದು ಬಯಲಿನಲ್ಲಿ ಕಮ್ಮಿ, ಮೂಲೆಯಲ್ಲಿ ಜಾಸ್ತಿ. ಬಚ್ಚಲಿನ ತಗ್ಗು ತಾರಸಿಗೂ ಅಷ್ಟೇ: ವಾಟರ್‌ಪ್ರೂಫಿಂಗ್ ಆದ ಮೇಲೆ ನೀರು ತುಂಬಿ, ಗೆರೆ ಹಾಕಿ, ಎರಡು ದಿನ ಬಿಟ್ಟು ಕೆಳಗಿನ ಕೋಣೆಯಿಂದ ಮೇಲೆ ನೋಡಬೇಕು. ಅದು ಒಣಗಿದ್ದರೆ ಮಾತ್ರ ಮೇಲೆ ತುಂಬಲು ಒಪ್ಪಿಗೆ.

ಕಿಟಕಿ ಮೇಲೆ ಚಾಚಿರುವ ಸಜ್ಜಾ ಇರುತ್ತದಲ್ಲ, ಅದರ ಅಡಿಭಾಗದಲ್ಲಿ ಹೊರ ಅಂಚಿನ ಹತ್ತಿರ ಉದ್ದಕ್ಕೂ ಒಂದು ಗೀರು ಬಿಡಿಸಿ. ಮಳೆನೀರು ಅಂಚು ದಾಟಿ ಅಡಿಯಲ್ಲೇ ಹರಿದು ಗೋಡೆಗೆ ಬರುವ ಬದಲು ಆ ಗೀರಿನಲ್ಲಿ ನಿಂತು ತೊಟ್ಟಿಕ್ಕುತ್ತದೆ. ಪ್ಲಾಸ್ಟರ್ ಮಾಡುವಾಗ ಒಂದು ಕಂಬಿ ತುಂಡು ಒತ್ತಿ ಎಳೆದರೆ ಸಾಕು. ಇಷ್ಟು ಅಗ್ಗದ, ಇಷ್ಟು ಉಪಯೋಗದ ಕೆಲಸ ಮನೆಯಲ್ಲಿ ಇನ್ನೊಂದಿಲ್ಲ. ಆದರೂ ಹೇಳದಿದ್ದರೆ ಯಾರೂ ಮಾಡುವುದಿಲ್ಲ.

ಕಿಟಕಿಯವರನ್ನು ಬೇಗ ಹಿಡಿದುಕೊಳ್ಳಿ, ಆದರೆ ಅಳತೆ ಬೇಗ ಕೊಡಬೇಡಿ. ಹೇಳಲು ವಿಚಿತ್ರ, ಆದರೆ ಹಾಗೇ. ಆರ್ಡರ್ ಹಾಕಿ ಕಿಟಕಿ ಬರಲು ವಾರಗಟ್ಟಲೆ ಬೇಕು, ಆದ್ದರಿಂದ ಯಾರು, ಯಾವ ಮಾದರಿ, ಸ್ಲೈಡಿಂಗಾ ಅಲ್ವಾ ಎಂಬುದೆಲ್ಲ ಗೋಡೆ ಏಳುವಾಗಲೇ ತೀರ್ಮಾನ ಆಗಿರಬೇಕು. ಅಳತೆ ಮಾತ್ರ ಕಿಟಕಿ ಸುತ್ತ ಪ್ಲಾಸ್ಟರ್ ಮುಗಿದು, ಕೆಳಗಿನ ಗ್ರಾನೈಟ್ ಕೂತ ಮೇಲೆ. ನಕ್ಷೆಯಲ್ಲಿ ಎರಡು ಕಿಟಕಿ ಒಂದೇ ಅಳತೆ ಇದ್ದರೂ ಗೋಡೆಯಲ್ಲಿ ಒಂದೇ ಇರುವುದಿಲ್ಲ. ಅಗಲ ಮೂರು ಕಡೆ, ಎತ್ತರ ಮೂರು ಕಡೆ, ಮೂಲೆಯಿಂದ ಮೂಲೆಗೆ ಎರಡು ಕಡೆ ಅಳೆದರು. ಕಮ್ಮಿ ಬಂದ ಅಳತೆಯಲ್ಲಿ ಸುತ್ತ ಸಣ್ಣ ಸಂದು ಬಿಟ್ಟು ಚೌಕಟ್ಟು ಮಾಡಿದರು. ಗ್ರಾನೈಟ್ ಹೊರಕ್ಕೆ ಇಳಿಜಾರಾಗಿ ಇರಬೇಕು. ನಮ್ಮ ಒಂದು ಕಿಟಕಿಯದು ರಸಮಟ್ಟ ಇಟ್ಟಾಗ ಒಳಕ್ಕೆ ವಾಲಿತ್ತು. ಚೌಕಟ್ಟು ಬರುವ ಮೊದಲೇ ಸಿಕ್ಕಿದ್ದರಿಂದ ಎಬ್ಬಿಸಿ ಮತ್ತೆ ಕೂರಿಸಿದರು.

ಕಿಟಕಿ ಕೂತ ಮೇಲೆ ನೀರು ಬಿಟ್ಟು ನೋಡುತ್ತೇವೆ, ಆಮೇಲೆ ಕೊನೆ ಕಂತು, ಎಂದು ಮೊದಲೇ ಹೇಳಿದ್ದೆ. ತೋಟಕ್ಕೆ ನೀರು ಬಿಡುವ ಪೈಪನ್ನೇ ಹಿಡಿದೆವು. ಕೆಳಗಿನಿಂದ ಶುರು ಮಾಡಿ ನಿಧಾನಕ್ಕೆ ಮೇಲಕ್ಕೆ ಹೋಗಬೇಕು. ಮೇಲಿಂದಲೇ ಬಿಟ್ಟರೆ ಎಲ್ಲಿಂದ ಒಳಗೆ ಬಂತು ಎಂದು ತಿಳಿಯುವುದಿಲ್ಲ. ಒಬ್ಬರು ಹೊರಗೆ, ಒಬ್ಬರು ಒಳಗೆ ಟಾರ್ಚ್ ಹಿಡಿದು. ಹಾಲಿನ ದೊಡ್ಡ ಸ್ಲೈಡಿಂಗ್ ಕಿಟಕಿಯ ಕೆಳಗಿನ ಹಳಿಯಲ್ಲಿ ನೀರು ತುಂಬುತ್ತಾ ಬಂತು, ಏರಿತು, ಒಳಗಡೆ ಗೋಡೆಗೆ ಇಳಿಯಿತು.

"ಸಿಲಿಕಾನ್ ಇನ್ನೊಂದು ಕೋಟ್ ಹೊಡೀತೀವಿ ಮೇಡಂ" ಅಂದರು ಕಿಟಕಿಯವರು.

ಸಂದಿನಿಂದ ಬಂದಿದ್ದರೆ ಹಳಿ ಯಾಕೆ ತುಂಬಬೇಕು? ಟಾರ್ಚ್ ಹಾಕಿ ಹೊರಗಡೆಯಿಂದ ನೋಡಿದೆವು. ಚೌಕಟ್ಟಿನ ಕೆಳಗೆ ನೀರು ಹೊರಗೆ ಹೋಗಲೆಂದೇ ಸಣ್ಣ ತೂತುಗಳಿರುತ್ತವೆ. ಮೂರಕ್ಕೆ ಮೂರೂ ಸಿಮೆಂಟಿನಲ್ಲಿ ಮುಚ್ಚಿದ್ದವು. ಗ್ರಾನೈಟ್ ಅಂಚಿಗೆ ಪಾಲಿಷ್ ಗಾರೆ ಮಾಡುವಾಗ ಯಾರೋ ನೀಟಾಗಿ ಒರೆಸಿಬಿಟ್ಟಿದ್ದರು. ಕಿಟಕಿಯವರಿಗೆ ಅದು ಗಾರೆಯವರ ಕೆಲಸ, ಗಾರೆಯವರಿಗೆ ಅದು ಬರೀ ತೂತು. ಸಿಲಿಕಾನ್ ಹೊಡೆದಿದ್ದರೆ ನೀರಿಗೆ ಇದ್ದ ಇನ್ನೊಂದು ದಾರಿಯೂ ಬಂದಾಗುತ್ತಿತ್ತು, ಅಷ್ಟೇ. ತೆಳ್ಳನೆ ಸ್ಕ್ರೂಡ್ರೈವರ್‌ನಲ್ಲಿ ಕೆರೆದು ತೆಗೆದರು. ಮತ್ತೆ ನೀರು ಬಿಟ್ಟಾಗ ಮೂರು ತೂತಿನಿಂದಲೂ ಸಣ್ಣ ಧಾರೆಯಾಗಿ ಹೊರಗೆ ಬಿತ್ತು. ಉಳಿದ ಕಿಟಕಿಗಳನ್ನೂ ಅವತ್ತೇ ನೋಡಿದೆವು. ಇನ್ನೆರಡರಲ್ಲಿ ಅದೇ ಕಥೆ.

ಕಿಟಕಿಯವರ ಕೊನೆ ಕಂತು ಕೊಟ್ಟು, ಮುಂದಿನ ವಾರ ವೈರ್ ಎಳೆಯಲು ಎಲೆಕ್ಟ್ರಿಷಿಯನ್‌ಗೆ ಬರಹೇಳಿದೆ.